ಚೀನಾದ ಕಾನೂನು ಮತ್ತು ಪಕ್ಕದ ಮನೆಯವರು

ನಾನು ಚೀನಾದ ಇತಿಹಾಸ ಓದುತ್ತೇನೆ ಅಂತ ಗೊತ್ತಾದ ಕೂಡಲೇ ಹೆಚ್ಚಿನವರು ಕೇಳುವುದು ಒಂದೇ ಪ್ರಶ್ನೆ. ಮದುವೆ ಮನೆಯ ಪಂಕ್ತಿಯಲ್ಲಿ ಕೇಳುತ್ತಾರೆ, ರೈಲಿನಲ್ಲಿ ಎದುರು ಕೂತವರು ಕೇಳುತ್ತಾರೆ. "ಅಷ್ಟೊಂದು ಜನ ಇರುವ ದೇಶ, ಆದರೂ ಎಲ್ಲ ಹತೋಟಿಯಲ್ಲಿದೆ. ಅಲ್ಲಿ ಶಿಕ್ಷೆ ಭಯಂಕರ ಅಲ್ವಾ? ಅದಕ್ಕೇ ತಾನೇ?" ಕೆಲವರು ಇನ್ನೂ ಮುಂದೆ ಹೋಗಿ, ನಮ್ಮಲ್ಲೂ ಹಾಗೇ ಮಾಡಿದರೆ ಎಲ್ಲ ಸರಿಹೋಗುತ್ತದೆ ಅನ್ನುತ್ತಾರೆ.

ನಿಂತಲ್ಲೇ ಎರಡು ಮಾತಿನಲ್ಲಿ ಹೇಳಲು ಆಗುವುದಿಲ್ಲ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ಭಯಂಕರ ಶಿಕ್ಷೆಗಳು ಇದ್ದದ್ದು ನಿಜ. ಆದರೆ ನನಗೆ ಅದಕ್ಕಿಂತ ಮುಖ್ಯ ಅನ್ನಿಸಿದ್ದು ಬೇರೆಯೇ ಒಂದು ಏರ್ಪಾಟು. ಒಬ್ಬ ತಪ್ಪು ಮಾಡಿದರೆ ಅವನ ಮನೆಯವರೂ ಪಕ್ಕದ ಮನೆಯವರೂ ಉತ್ತರ ಕೊಡಬೇಕು. ಎರಡು ಸಾವಿರ ವರ್ಷಕ್ಕೂ ಹೆಚ್ಚು ಕಾಲ ಅಲ್ಲಿನ ಆಳ್ವಿಕೆ ಮತ್ತೆ ಮತ್ತೆ ಕೈ ಹಾಕಿದ್ದು ಈ ಉಪಾಯಕ್ಕೆ.

ಇದನ್ನು ಪಟ್ಟಾಗಿ ಜಾರಿಗೆ ತಂದವನು ಚಿನ್ ರಾಜ್ಯದ ಮಂತ್ರಿ ಶಾಂಗ್ ಯಾಂಗ್. ಕ್ರಿ.ಪೂ. 356ರ ಸುಮಾರಿಗೆ ಅವನು ಜನರನ್ನು ಐದೈದು, ಹತ್ತತ್ತು ಮನೆಗಳ ಗುಂಪುಗಳಾಗಿ ಕಟ್ಟಿದ. ಗುಂಪಿನಲ್ಲಿ ಒಬ್ಬನ ಅಪರಾಧ ಗೊತ್ತಿದ್ದೂ ಹೇಳದಿದ್ದರೆ ಉಳಿದವರಿಗೂ ಶಿಕ್ಷೆ. ಹೇಳಿದವರಿಗೆ ಯುದ್ಧದಲ್ಲಿ ಶತ್ರುವಿನ ತಲೆ ತಂದಷ್ಟೇ ಬಹುಮಾನ. ಹೊಸ ರಾಜ ಪಟ್ಟಕ್ಕೆ ಬಂದಾಗ ಶಾಂಗ್ ಯಾಂಗ್ ಮೇಲೆಯೇ ದ್ರೋಹದ ಆರೋಪ ಬಂತು. ಓಡಿಹೋಗುತ್ತಾ ಗಡಿಯ ಹತ್ತಿರದ ಒಂದು ಛತ್ರದಲ್ಲಿ ರಾತ್ರಿ ಉಳಿಯಲು ಜಾಗ ಕೇಳಿದನಂತೆ. ಛತ್ರದವನಿಗೆ ಇವನು ಯಾರೆಂದು ಗೊತ್ತಿಲ್ಲ. ಗುರುತಿನ ಪತ್ರ ಇಲ್ಲದವರಿಗೆ ಜಾಗ ಕೊಟ್ಟರೆ ನನಗೂ ಶಿಕ್ಷೆ, ಇದು ಶಾಂಗ್ ಯಾಂಗ್ ಅವರ ಕಾನೂನು ಅಂದನಂತೆ. ಮುಂದೆ ಹಾನ್ ಮನೆತನದ ಕಾಲದ ಇತಿಹಾಸಕಾರ ಸಿಮಾ ಚಿಯಾನ್ ಬರೆದಿಟ್ಟ ಕಥೆ ಇದು. ಕ್ರಿ.ಪೂ. 338ರಲ್ಲಿ ಶಾಂಗ್ ಯಾಂಗ್ ಸತ್ತ. ಅವನ ಕಾನೂನು ಉಳಿಯಿತು. ಅದೇ ಚಿನ್ ರಾಜ್ಯ ಕ್ರಿ.ಪೂ. 221ರಲ್ಲಿ ಇಡೀ ಚೀನಾವನ್ನು ಗೆದ್ದಿತು.

ಚಿನ್ ಕಾನೂನು ಅಂದರೆ ಬರೀ ಕ್ರೌರ್ಯ ಅಂತ ತುಂಬಾ ಕಾಲ ಎಲ್ಲರೂ ನಂಬಿದ್ದರು. ಆಮೇಲೆ 1975ರಲ್ಲಿ ಹುಬೇ ಪ್ರಾಂತ್ಯದ ಶುಯ್‌ಹುದಿ ಎಂಬಲ್ಲಿ ಒಂದು ಗೋರಿ ಸಿಕ್ಕಿತು. ಶೀ ಎಂಬ ಹೆಸರಿನ ಸಣ್ಣ ಅಧಿಕಾರಿಯ ಗೋರಿ. ಅವನು ಕ್ರಿ.ಪೂ. 217ರ ಸುಮಾರಿಗೆ ತೀರಿಕೊಂಡವನು. ಶವದ ಸುತ್ತ ಸಾವಿರದ ನೂರಕ್ಕೂ ಹೆಚ್ಚು ಬರಹದ ಬಿದಿರಿನ ಪಟ್ಟಿಗಳನ್ನು ಇಟ್ಟಿದ್ದರು. ಬಹುಪಾಲು ಕಾನೂನಿನವು. ಬದುಕಿದಷ್ಟು ದಿನ ಕೈಯಲ್ಲಿದ್ದ ಕೆಲಸದ ಕಾಗದಗಳನ್ನು ಜೊತೆಗೇ ತೆಗೆದುಕೊಂಡು ಹೋದ ಮನುಷ್ಯ. ಅದನ್ನು ಮೊದಲ ಸಲ ಓದಿದಾಗ ನನಗೆ ರಾತ್ರಿ ನಿದ್ದೆ ಬಂದಿರಲಿಲ್ಲ.

ಆ ಪಟ್ಟಿಗಳಲ್ಲಿ ಏನಿದೆ ಗೊತ್ತಾ? ಸರ್ಕಾರಿ ಕಣಜದಲ್ಲಿ ಇಲಿ ಬಿಲ ಎಷ್ಟಿದ್ದರೆ ಏನು ಶಿಕ್ಷೆ ಅಂತ ಇದೆ. ಮೂರು ಅಥವಾ ಹೆಚ್ಚು ಬಿಲ ಇದ್ದರೆ ಒಂದು ಗುರಾಣಿಯ ಬೆಲೆಯಷ್ಟು ದಂಡ. ಎರಡು ಅಥವಾ ಕಡಿಮೆ ಇದ್ದರೆ ಬೈಗುಳ ಮಾತ್ರ. ಚಿಟ್ಟಿಲಿಯ ಮೂರು ಬಿಲ ದೊಡ್ಡ ಇಲಿಯ ಒಂದು ಬಿಲಕ್ಕೆ ಸಮ. ಎತ್ತುಗಳ ಲೆಕ್ಕವೂ ಇದೆ. ವರ್ಷಕ್ಕೆ ನಾಲ್ಕು ಸಲ ಪರೀಕ್ಷೆ. ಚೆನ್ನಾಗಿ ಸಾಕಿದವರಿಗೆ ಮದ್ಯ ಮತ್ತು ಒಣಮಾಂಸ. ಉಳುಮೆಯಲ್ಲಿ ಎತ್ತಿನ ಸೊಂಟದ ಸುತ್ತಳತೆ ಇಳಿದರೆ ನೋಡಿಕೊಳ್ಳುವವನಿಗೆ ಅಂಗುಲಕ್ಕೆ ಹತ್ತು ಏಟು.

ನಮ್ಮ ಮಾತಿಗೆ ಬೇಕಾದದ್ದು ಇನ್ನೊಂದು ಪಟ್ಟಿಯಲ್ಲಿದೆ. ಅದು ಪ್ರಶ್ನೋತ್ತರದ ರೂಪದಲ್ಲಿದೆ. ಒಬ್ಬನ ಮನೆಗೆ ದುಷ್ಟರು ನುಗ್ಗಿ ಅವನಿಗೆ ಗಾಯ ಮಾಡಿದರು. ಅವನು ಕೂಗಿಕೊಂಡ. ಸುತ್ತಲಿನ ನಾಲ್ಕು ಮನೆಯವರು, ಊರಿನ ಮುಖ್ಯಸ್ಥ, ಹಿರಿಯ, ಯಾರೂ ಊರಲ್ಲಿರಲಿಲ್ಲ. ಕೂಗು ಕೇಳಿಸಲಿಲ್ಲ. ಅವರ ಮೇಲೆ ಕ್ರಮ ಆಗಬೇಕೋ ಬೇಡವೋ? ಉತ್ತರ ಹೀಗಿದೆ: ನಿಜವಾಗಿಯೂ ಇರಲಿಲ್ಲ ಅಂತ ಖಾತ್ರಿಯಾದರೆ ನೆರೆಯವರನ್ನು ಬಿಡಬೇಕು. ಮುಖ್ಯಸ್ಥ ಮತ್ತು ಹಿರಿಯ ಊರಲ್ಲಿ ಇರದಿದ್ದರೂ ಹೊಣೆ ತಪ್ಪುವುದಿಲ್ಲ.

ಅಂದರೆ ಕೂಗು ಕೇಳಿಯೂ ಬಾಗಿಲು ಹಾಕಿಕೊಂಡವನು ಅಪರಾಧಿ. ಇದರಲ್ಲಿ ಒಳ್ಳೆಯದೂ ಇದೆ ಅಂತ ನನಗೆ ಪ್ರಾಮಾಣಿಕವಾಗಿ ಅನ್ನಿಸುತ್ತದೆ. ಕಷ್ಟದಲ್ಲಿರುವ ನೆರೆಯವನಿಗೆ ಓಡಿಹೋಗಬೇಕು ಅನ್ನುವುದು ಕೆಟ್ಟ ಮಾತೇನಲ್ಲ. ಆದರೆ ಅದೇ ಬಾಯಿಂದ, ನೆರೆಯವನ ತಪ್ಪು ಕಂಡರೆ ಹೋಗಿ ಹೇಳು, ಇಲ್ಲದಿದ್ದರೆ ನೀನೂ ಒಳಗೆ ಅಂತಲೂ ಕಾನೂನು ಹೇಳುತ್ತದೆ. ಎರಡನ್ನೂ ಒಂದೇ ಹಗ್ಗದಲ್ಲಿ ಕಟ್ಟಿದ್ದಾರೆ.

ಚಿನ್ ಸಾಮ್ರಾಜ್ಯ ಬಿದ್ದ ಕಥೆಯನ್ನೂ ಇಲ್ಲೇ ಹೇಳಿಬಿಡುತ್ತೇನೆ. ಕ್ರಿ.ಪೂ. 209ರಲ್ಲಿ 900 ಜನರನ್ನು ಗಡಿ ಕಾಯಲು ಕರೆದೊಯ್ಯುತ್ತಿದ್ದರು. ಮಳೆಗೆ ದಾರಿ ಕಟ್ಟಿತು. ತಡವಾದರೆ ಮರಣದಂಡನೆ, ಹೇಗೂ ಸಾಯುವುದೇ ಆದರೆ ಎದುರು ನಿಲ್ಲೋಣ ಅಂತ ಚೆನ್ ಶೆಂಗ್ ಮತ್ತು ವು ಗುವಾಂಗ್ ದಂಗೆ ಎಬ್ಬಿಸಿದರು ಎಂಬುದು ಹಳೆಯ ಕಥೆ. ಆದರೆ ಶುಯ್‌ಹುದಿಯ ಪಟ್ಟಿಯಲ್ಲಿ ಬಿಟ್ಟಿ ಕೆಲಸಕ್ಕೆ ತಡವಾಗಿ ಬಂದವರ ಶಿಕ್ಷೆ ಬೇರೆಯೇ ಇದೆ. ಮೂರರಿಂದ ಐದು ದಿನ ತಡವಾದರೆ ಬೈಗುಳ. ಹತ್ತು ದಿನ ದಾಟಿದರೆ ಒಂದು ಕವಚದಷ್ಟು ದಂಡ. ಮಳೆ ಬಂದರೆ ಕೆಲಸವೇ ರದ್ದು. ಸೈನಿಕ ಕೆಲಸಕ್ಕೆ ನಿಯಮ ಬೇರೆ ಇದ್ದಿರಬಹುದು, ಆ ವಾದ ಇನ್ನೂ ಇದೆ. ಬರೆದಿಟ್ಟ ಕಾನೂನು ಒಂದು, ಜನರ ಎದೆಯಲ್ಲಿದ್ದ ಕಾನೂನು ಇನ್ನೊಂದು ಆಗಿತ್ತೋ ಏನೋ ಅಂತ ನನಗೆ ಅನ್ನಿಸುತ್ತದೆ. ಶಿಕ್ಷೆಯಿಂದಲೇ ಎಲ್ಲ ಸರಿಹೋಗುತ್ತದೆ ಅನ್ನುವವರಿಗೆ ನಾನು ಮೊದಲು ಹೇಳುವುದೇ ಈ ಕಥೆಯನ್ನು. ಇಡೀ ಚೀನಾವನ್ನು ಗೆದ್ದ ಚಿನ್ ಮನೆತನ ಅದನ್ನು ಆಳಿದ್ದು 15 ವರ್ಷ.

ಮುಂದಿನ ರಾಜಮನೆತನಗಳು ಕನ್‌ಫ್ಯೂಷಿಯಸ್‌ನ ಕಡೆಗೆ ವಾಲಿದವು. ತಂದೆ ಕುರಿ ಕದ್ದರೆ ಮಗ ಸಾಕ್ಷಿ ಹೇಳಬಾರದು, ಮುಚ್ಚಿಡುವುದೇ ನೇರ ನಡತೆ ಅಂದವನು ಅವನು. ಕ್ರಿ.ಶ. 653ರಲ್ಲಿ ಟಾಂಗ್ ಮನೆತನ ತಂದ ಕಾನೂನು ಸಂಹಿತೆಯಲ್ಲಿ ಇದೇ ಕಾನೂನಾಯಿತು. 502 ವಿಧಿಗಳ ಆ ಸಂಹಿತೆಯಲ್ಲಿ ಒಂದೇ ಸೂರಿನ ನೆಂಟರು ಒಬ್ಬರ ತಪ್ಪನ್ನು ಒಬ್ಬರು ಮರೆಮಾಚಬಹುದು. ಮಗ ತಂದೆಯ ಮೇಲೆ ದೂರು ಕೊಟ್ಟರೆ ಮಗನಿಗೇ ನೇಣು. ರಾಜದ್ರೋಹದಂಥ ಸಂಗತಿಗೆ ಮಾತ್ರ ಈ ವಿನಾಯಿತಿ ಇಲ್ಲ. ಕಾನೂನು ಮನೆಯ ಹೊಸ್ತಿಲಲ್ಲಿ ನಿಂತಿತು, ಒಳಗಿನ ಅಧಿಕಾರ ಅಪ್ಪನ ಕೈಗೆ ಹೋಯಿತು. ಮಗ ಅಪ್ಪನ ಮೇಲೆ ಕೈ ಎತ್ತಿದರೆ ತಲೆದಂಡ. ಅಪ್ಪ ಮಗನನ್ನು ಹೊಡೆದರೆ ಕೇಳುವವರಿಲ್ಲ. ಮನೆಯೊಳಗೆ ಸೊಸೆಯಂದಿರು, ಆಳುಗಳು, ಚಿಕ್ಕವರು ಏನು ಅನುಭವಿಸಿದರು ಎಂಬುದರ ದಾಖಲೆ ಕಡಿಮೆ. ಅದು ನನಗೆ ತುಂಬಾ ನೋವು ಕೊಡುವ ವಿಷಯ.

ಸಾಂಗ್, ಮಿಂಗ್ ಮನೆತನಗಳ ಕಾಲದಲ್ಲೂ ಮನೆಗಳನ್ನು ಗುಂಪು ಕಟ್ಟುವುದು ಬೇರೆ ಬೇರೆ ಲೆಕ್ಕದಲ್ಲಿ ನಡೆಯಿತು. ಚಿಂಗ್ ಕಾಲಕ್ಕೆ ಬರೋಣ. 1644ರಿಂದ 1912ರವರೆಗೆ ಬೀಜಿಂಗ್‌ನಿಂದ ಆಳಿದ ಮನೆತನ ಇದು. ಸುಮಾರು 1,300 ತಾಲ್ಲೂಕಿನಂಥ ಘಟಕಗಳು, ಒಂದೊಂದಕ್ಕೆ ಒಬ್ಬ ಅಧಿಕಾರಿ. 19ನೇ ಶತಮಾನದಲ್ಲಿ ಜನಸಂಖ್ಯೆ 40 ಕೋಟಿ ದಾಟಿತ್ತು. ಅಂದರೆ ಒಬ್ಬ ಅಧಿಕಾರಿಗೆ ಸರಾಸರಿ ಮೂರು ಲಕ್ಷ ಜನ. ಅವನೇ ತೆರಿಗೆ ವಸೂಲಿ ಮಾಡಬೇಕು, ಅವನೇ ನ್ಯಾಯಾಧೀಶ, ಅವನೇ ಪೊಲೀಸ್. ಸ್ವಂತ ಪ್ರಾಂತ್ಯದಲ್ಲಿ ಕೆಲಸ ಮಾಡುವಂತಿಲ್ಲ. ಎಷ್ಟೋ ಸಲ ಊರವರ ಮಾತೇ ಅವನಿಗೆ ಅರ್ಥವಾಗುತ್ತಿರಲಿಲ್ಲ.

ಇಂಥವನು ಹೇಗೆ ಆಳಬೇಕು? ಅದಕ್ಕೆ ಬಾವ್‌ಜಿಯಾ ಎಂಬ ಮನೆಗುಂಪುಗಳ ಏರ್ಪಾಟು. 1708ರ ಆಜ್ಞೆಯ ಪ್ರಕಾರ ಹತ್ತು ಮನೆಗೆ ಒಬ್ಬ ಮುಖ್ಯಸ್ಥ, ನೂರು ಮನೆಗೆ ಒಬ್ಬ, ಸಾವಿರ ಮನೆಗೆ ಒಬ್ಬ. ಪ್ರತಿ ಮನೆಗೂ ಸರ್ಕಾರದ ಮುದ್ರೆಯ ಒಂದು ಹಾಳೆ. ಮನೆಯಲ್ಲಿ ಯಾರು ಯಾರು ಇದ್ದಾರೆ ಅಂತ ಬಾಗಿಲ ಹತ್ತಿರ ಅದರಲ್ಲಿ ಬರೆದಿರಬೇಕು. ಯಾರಾದರೂ ಹೊರಗೆ ಹೋದರೆ ಎಲ್ಲಿಗೆ, ಬಂದರೆ ಎಲ್ಲಿಂದ, ಎಲ್ಲ ನಮೂದಾಗಬೇಕು. ಜೊತೆಗೆ ಉಪದೇಶ ಬೇರೆ. ಕಾಂಗ್‌ಶಿ ಚಕ್ರವರ್ತಿ 1670ರಲ್ಲಿ ಕೊಟ್ಟ 16 ಬೋಧನೆಗಳನ್ನು ತಿಂಗಳಿಗೆ ಎರಡು ಸಲ ಊರಲ್ಲಿ ಓದಿ ಹೇಳಬೇಕಿತ್ತು. ಹೆತ್ತವರನ್ನು ಗೌರವಿಸಿ ಎಂದು ಶುರುವಾಗುವ ಆ ಬೋಧನೆಗಳಲ್ಲಿ 15ನೆಯದು, ಕಳ್ಳತನ ತಡೆಯಲು ಬಾವ್‌ಜಿಯಾದಲ್ಲಿ ಒಂದಾಗಿ ಎಂದು.

ಇದು ಕೆಲಸ ಮಾಡಿತಾ? ಕಾಗದದಲ್ಲಿ ಇದ್ದಷ್ಟು ಇಲ್ಲ. ಮುಖ್ಯಸ್ಥನಿಗೆ ಸಂಬಳವಿಲ್ಲ, ಮರ್ಯಾದೆಯೂ ಇಲ್ಲ. ಮೇಲಿನಿಂದ ಬೈಗುಳ, ಕೆಳಗಿನಿಂದ ಶಾಪ. ಊರಿನ ಅನುಕೂಲಸ್ಥರು ಆ ಕೆಲಸದಿಂದ ದೂರ ಉಳಿದರು. ನೆರೆಯವರೂ ಕಂಡದ್ದನ್ನು ಕಾಣದಂತೆ ಇದ್ದರು. ದಿನಾ ಮುಖ ನೋಡಬೇಕಾದವರ ಮೇಲೆ ಯಾರು ದೂರು ಕೊಡುತ್ತಾರೆ ಹೇಳಿ?

ಇದೇ ಚಿಂಗ್ ಆಡಳಿತ ಮರಣದಂಡನೆಯ ವಿಷಯದಲ್ಲಿ ಎಷ್ಟು ಎಚ್ಚರಿಕೆಯಿಂದ ಇತ್ತು ಅಂದರೆ, ಸಾಮಾನ್ಯ ಪ್ರಕರಣ ತಾಲ್ಲೂಕಿನಿಂದ ಮೇಲೇರುತ್ತಾ ಚಕ್ರವರ್ತಿಯವರೆಗೂ ಹೋಗುತ್ತಿತ್ತು. ಎಷ್ಟೋ ಕೈದಿಗಳ ಕಡತ ಮತ್ತೆ ಶರತ್ಕಾಲದ ವಿಚಾರಣೆಗೆ ಬರುತ್ತಿತ್ತು. ಚಕ್ರವರ್ತಿ ಕೆಂಪು ಕುಂಚದಿಂದ ಹೆಸರಿನ ಮೇಲೆ ಗುರುತು ಹಾಕಿದರೆ ಮಾತ್ರ ಶಿಕ್ಷೆ ಜಾರಿ. ಹಲವರ ಹೆಸರು ಗುರುತಿಲ್ಲದೇ ಮುಂದಿನ ವರ್ಷಕ್ಕೆ ಉಳಿಯುತ್ತಿತ್ತು. ಶಿಕ್ಷೆ ಭಯಂಕರ ಅಷ್ಟೇ ಅನ್ನುವವರಿಗೆ ಇದು ಗೊತ್ತಿರುವುದಿಲ್ಲ. ದೇಹವನ್ನು ತುಂಡು ಮಾಡಿ ಕೊಲ್ಲುವ ಶಿಕ್ಷೆಯೂ ಅದೇ ಸಂಹಿತೆಯಲ್ಲಿ 1905ರವರೆಗೆ ಇತ್ತು, ಅದೂ ನಿಜ.

ಕಮ್ಯುನಿಸ್ಟ್ ಸರ್ಕಾರ ಬಂದ ಮೇಲೆ 1954ರಲ್ಲಿ ನಗರಗಳ ನೆರೆಹೊರೆಯ ನಿವಾಸಿ ಸಮಿತಿಗಳಿಗೆ ಕಾನೂನು ಬಂತು. 1958ರಲ್ಲಿ ಹುಕೋ, ಅಂದರೆ ಯಾವ ಮನೆಯವರು ಯಾವ ಊರಿನವರು ಎಂಬ ನೋಂದಣಿ. ಈಗಿನ ಸಾಮಾಜಿಕ ಅಂಕಗಳ ಬಗ್ಗೆ ಎಲ್ಲರೂ ಕೇಳುತ್ತಾರೆ. ದೇಶದ ಪ್ರತಿಯೊಬ್ಬರಿಗೂ ಒಂದು ಅಂಕ ಕೊಡುವ ವ್ಯವಸ್ಥೆ ಇಲ್ಲ, ಅದು ಸುಮ್ನೆ ಹಬ್ಬಿದ ಮಾತು. ಆದರೆ ಸಾಲ ತೀರಿಸು ಎಂಬಂಥ ಕೋರ್ಟ್ ಆದೇಶ ಪಾಲಿಸದವರ ಪಟ್ಟಿ ಒಂದಿದೆ. ಅದರಲ್ಲಿ ಹೆಸರಿದ್ದರೆ ವಿಮಾನದ ಟಿಕೆಟ್ ಸಿಗುವುದಿಲ್ಲ, ಮಕ್ಕಳನ್ನು ದುಬಾರಿ ಖಾಸಗಿ ಶಾಲೆಗೆ ಸೇರಿಸುವಂತಿಲ್ಲ. ಅಪ್ಪನ ಸಾಲ ಮಗುವಿನ ಶಾಲೆಗೂ ಬಂತು, ನೋಡಿ.

ಆದರೆ ಜನರ ಬದುಕನ್ನು ಜಾಸ್ತಿ ಹಿಡಿದಿಟ್ಟಿದ್ದು ಹುಕೋ. ಯಾವ ಊರಲ್ಲಿ ನೋಂದಣಿಯೋ ಆ ಊರಿನವನು ನೀನು. 2003ರ ಮಾರ್ಚ್‌ನಲ್ಲಿ ಗುವಾಂಗ್‌ಝೌ ನಗರದಲ್ಲಿ ಕೆಲಸಕ್ಕೆ ಬಂದಿದ್ದ 27 ವರ್ಷದ ಒಬ್ಬ ಯುವಕನನ್ನು, ವಾಸದ ಪರವಾನಗಿ ಇಲ್ಲವೆಂದು ಹಿಡಿದರು. ಅವನು ಓದಿದವನು, ಕೆಲಸದಲ್ಲಿದ್ದವನು. ಮೂರು ದಿನದೊಳಗೆ ಏಟು ತಿಂದು ಸತ್ತ. ಪತ್ರಿಕೆಯಲ್ಲಿ ಸುದ್ದಿ ಬಂತು, ದೇಶವೇ ಕೆರಳಿತು. ಹೊರ ಊರವರನ್ನು ಹಿಡಿದು ವಾಪಸ್ ಕಳಿಸುವ ಆ ನಿಯಮವನ್ನೇ ಸರ್ಕಾರ ಅದೇ ವರ್ಷ ರದ್ದು ಮಾಡಿತು.

ಹುಕೋ ಮಾತ್ರ ಉಳಿದಿದೆ. ಆಮೇಲೆ ಎಷ್ಟೋ ಊರುಗಳಲ್ಲಿ ಅದನ್ನು ಸಡಿಲಿಸಿದ್ದಾರೆ. ಆದರೂ ಬೀಜಿಂಗ್, ಶಾಂಘೈಯಂಥ ನಗರಗಳಲ್ಲಿ ಕಟ್ಟಡ ಕಟ್ಟುವವರ, ಊಟ ತಲುಪಿಸುವವರ ಮಕ್ಕಳು ಕಾಲೇಜಿನ ಪ್ರವೇಶ ಪರೀಕ್ಷೆ ಬರೆಯಲು ಹೆಚ್ಚಾಗಿ ನೋಂದಣಿ ಇರುವ ಊರಿಗೇ ಹೋಗಬೇಕು. ಅದಕ್ಕೇ ಎಷ್ಟೋ ತಂದೆ ತಾಯಿ ಮಕ್ಕಳನ್ನು ಚಿಕ್ಕಂದಿನಲ್ಲೇ ಹಳ್ಳಿಯಲ್ಲಿ ಅಜ್ಜ ಅಜ್ಜಿಯ ಹತ್ತಿರ ಬಿಟ್ಟು ಬರುತ್ತಾರೆ, ವರ್ಷಕ್ಕೊಮ್ಮೆ ಹೊಸ ವರ್ಷದ ಹಬ್ಬಕ್ಕೆ ಹೋಗಿ ನೋಡುತ್ತಾರೆ.