ಓವನ್‌ನಲ್ಲಿ ಉಬ್ಬುವ ಡಚ್ ಬೇಬಿ

ಅಮೆರಿಕದ ಈ ಪ್ಯಾನ್‌ಕೇಕ್‌ಗೆ ಸೋಡಾ, ಬೇಕಿಂಗ್ ಪೌಡರ್ ಏನೂ ಬೇಡ, ಉಬ್ಬಿಸುವುದು ಹಬೆಯೇ. ಹಾಗಾಗಿ ಬಾಣಲೆ ಚೆನ್ನಾಗಿ ಕಾದಿರಲೇಬೇಕು. 10 ಇಂಚಿನ ಬೀಡಿನ ಬಾಣಲೆಯನ್ನು ಓವನ್‌ನೊಳಗಿಟ್ಟು 220 ಡಿಗ್ರಿ ಸೆಲ್ಸಿಯಸ್‌ಗೆ ಕಾಯಿಸಿ.

ಅಷ್ಟರಲ್ಲಿ 3 ಮೊಟ್ಟೆ, 120 ಮಿ.ಲೀ. ಹಾಲು, 65 ಗ್ರಾಂ ಮೈದಾ, ಒಂದು ಚಮಚ ಸಕ್ಕರೆ, ಚಿಟಿಕೆ ಉಪ್ಪನ್ನು ಮಿಕ್ಸಿಯಲ್ಲಿ ಅರ್ಧ ನಿಮಿಷ ತಿರುಗಿಸಿ, 15 ನಿಮಿಷ ಬಿಡಿ. ಹಿಟ್ಟು ನೀರುದೋಸೆಯದಕ್ಕಿಂತ ತುಸು ಮಂದವಿರಲಿ. ಫ್ರಿಜ್‌ನಿಂದ ಆಗಷ್ಟೇ ತೆಗೆದ ಮೊಟ್ಟೆ, ಹಾಲು ಬೇಡ: ತಣ್ಣನೆಯ ಹಿಟ್ಟು ಬಾಣಲೆಯ ಕಾವನ್ನೇ ಇಳಿಸುತ್ತದೆ, ಅಂಚು ಮೇಲೇಳುವುದಿಲ್ಲ.

ಬಾಣಲೆಗೆ 30 ಗ್ರಾಂ ಬೆಣ್ಣೆ ಹಾಕಿ, ಕರಗಿ ನೊರೆ ಇಳಿದ ಕೂಡಲೇ, ಕಂದಾಗುವ ಮುಂಚೆ, ಹಿಟ್ಟನ್ನು ನಡುವಿಗೆ ಸುರಿಯಿರಿ. 18–20 ನಿಮಿಷ ಬೇಯಲಿ. ನಡುವೆ ಬಾಗಿಲು ತೆರೆಯಲೇಬೇಡಿ. ಹೊರತೆಗೆದ ಮೇಲೆ ಕುಸಿಯುವುದು ಸಹಜ, ಅದು ತಪ್ಪಲ್ಲ. ಕುಸಿದ ಆ ತಗ್ಗಿನೊಳಗೆ ನಿಂಬೆರಸ, ಪುಡಿಸಕ್ಕರೆ ಹಾಕಿ, ಬಿಸಿ ಆರುವ ಮೊದಲೇ ಬಡಿಸಿ.