ಬೀರು ಹಿಂದಿನ ಬೋರ್ಡ್

ಹೋದ ವರ್ಷ ಒಂದು ರಾತ್ರಿ ಫೋನ್ ಬಂತು, ಸ್ನೇಹಿತನ ತಮ್ಮನನ್ನು ಪೊಲೀಸರು ಹಿಡ್ಕೊಂಡು ಹೋಗಿದ್ದಾರೆ ಅಂತ. ಸ್ಟೇಷನ್‌ಗೆ ಓಡಿದೆವು. ಎರಡು ಗಂಟೆ ಬೆಂಚಿನ ಮೇಲೆ ಕೂರಿಸಿದರು. ಎದುರು ಗೋಡೆಯಲ್ಲಿ, ಬಂಧಿಸುವಾಗ ಪೊಲೀಸರು ಏನೇನು ಪಾಲಿಸಬೇಕು ಅಂತ ಹೇಳುವ ಡಿ.ಕೆ. ಬಸು ತೀರ್ಪಿನ ಬೋರ್ಡ್ ಇತ್ತು. ಒಟ್ಟು ಹನ್ನೊಂದು ಸೂಚನೆ, ಆದರೆ ಆರರ ಕೆಳಗೆ ಏನೂ ಕಾಣಿಸುತ್ತಿರಲಿಲ್ಲ, ಒಂದು ಕಬ್ಬಿಣದ ಬೀರು ಅಡ್ಡ ನಿಂತಿತ್ತು.

1996ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ ಮಾತುಗಳು ಅವು. ಬಂಧಿಸಿದಾಗ ಮೆಮೊ ಬರೆಯಬೇಕು, ದಿನಾಂಕ ಸಮಯ ಎರಡೂ ಹಾಕಬೇಕು, ಒಬ್ಬ ಸಾಕ್ಷಿ ಸಹಿ ಮಾಡಬೇಕು. ಪಾಲಿಸದಿದ್ದರೆ ಇಲಾಖೆ ಕ್ರಮವೂ ಆಗಬಹುದು, ಕೋರ್ಟಿನ ಮಾತು ಮೀರಿದ್ದಕ್ಕೆ ನ್ಯಾಯಾಂಗ ನಿಂದನೆಯ ಕೇಸೂ ಆಗಬಹುದು. 2014ರ ಅರ್ನೇಶ್ ಕುಮಾರ್ ತೀರ್ಪಿನಲ್ಲೂ ಇದೇ ಎಚ್ಚರಿಕೆ ಇದೆ: ಏಳು ವರ್ಷದವರೆಗಿನ ಶಿಕ್ಷೆಯ ಕೇಸುಗಳಲ್ಲಿ ಸುಮ್ನೆ ಒಳಗೆ ಹಾಕಬೇಡಿ, ಕಾರಣ ಬರೆದಿಡಿ. ನಮ್ಮ ಕೈಗೆ ಸಿಕ್ಕ ಮೆಮೊದಲ್ಲಿ ಸಮಯದ ಜಾಗ ಖಾಲಿ.

ನಿಂದನೆ ಅರ್ಜಿ ಹಾಕೋಣ ಅಂದೆ. ವಕೀಲರು ನಕ್ಕರು. 1971ರ ನ್ಯಾಯಾಂಗ ನಿಂದನೆ ಕಾಯ್ದೆ ತೆಗೆದು ಒಂದೇ ಪದದ ಮೇಲೆ ಬೆರಳಿಟ್ಟರು: ಉದ್ದೇಶಪೂರ್ವಕ. ತಪ್ಪಾಗಿದೆ ಅಂತ ತೋರಿಸಿದರೆ ಸಾಲದು, ಬೇಕಂತಲೇ ಮಾಡಿದರು ಅಂತ ತೋರಿಸಬೇಕು. ಅದೂ ಒಂದು ವರ್ಷದೊಳಗೆ. ಗೆದ್ದರೂ ಗರಿಷ್ಠ ಆರು ತಿಂಗಳ ಸಾದಾ ಸಜೆ, ಇಲ್ಲವೇ 2,000 ರೂಪಾಯಿ ದಂಡ, ಅಥವಾ ಎರಡೂ. ಕ್ಷಮೆ ಕೇಳಿದ್ದು ಕೋರ್ಟಿಗೆ ಒಪ್ಪಿಗೆಯಾದರೆ ಅದೂ ಇಲ್ಲ.

ನನಗೆ ಅನಿಸೋದು, ನಿಮ್ಮ ಹೆಸರಿಗೇ ಬಂದ ಆದೇಶವಾದರೆ ಅಧಿಕಾರಿ ಸ್ವಲ್ಪವಾದರೂ ಹೆದರುತ್ತಾರೆ, ಇಂಥವರು ಇಂಥ ದಿನದೊಳಗೆ ಮಾಡಬೇಕು ಅಂತ ಬರೆದಿರುತ್ತೆ. ಮಾರ್ಗಸೂಚಿ ಹಾಗಲ್ಲ. ಅದು ಇಡೀ ದೇಶದ ಎಲ್ಲ ಸ್ಟೇಷನ್‌ಗೂ ಸೇರಿದ್ದು, ಹಾಗಾಗಿ ಯಾರ ತಲೆಗೂ ಬರೋದಿಲ್ಲ, ಕೆಳಗಿನವರು ಮೇಲಿನಿಂದ ಸುತ್ತೋಲೆ ಬಂದಿಲ್ಲ ಅಂತಾರೆ, ಮೇಲಿನವರು ಕಳಿಸಿದ್ದೇವಲ್ಲ ಅಂತಾರೆ, ಎರಡಕ್ಕೂ ಫೈಲಿನಲ್ಲಿ ಕಾಗದ ಇರುತ್ತೆ. ಪೊಲೀಸ್ ಸುಧಾರಣೆ ಬಗ್ಗೆ 2006ರಲ್ಲಿ ಪ್ರಕಾಶ್ ಸಿಂಗ್ ಕೇಸಿನಲ್ಲಿ ಸುಪ್ರೀಂ ಕೋರ್ಟಿನಿಂದ ಏಳು ನಿರ್ದೇಶನ ಬಂದವು. ಕೆಲವು ರಾಜ್ಯಗಳು ಹೊಸ ಪೊಲೀಸ್ ಕಾಯ್ದೆಯನ್ನೇ ಮಾಡಿಕೊಂಡು ಅವುಗಳಿಂದ ನುಣುಚಿಕೊಂಡವು. ಸರ್ಕಾರವೇ ಹಾಗೆ ಮಾಡಿದಾಗ ಒಬ್ಬ ಸಬ್ ಇನ್ಸ್‌ಪೆಕ್ಟರ್ ಏನು ಮಹಾ, ಅಲ್ವಾ?

ಆದರೂ ಅರ್ಜಿ ಹಾಕಿದೆವು. ಸುಮ್ಮನಿದ್ದರೆ ಆ ಖಾಲಿ ಜಾಗ ಖಾಲಿಯೇ ಉಳಿಯುತ್ತಿತ್ತು.

ಹೋದ ತಿಂಗಳು ಪೊಲೀಸರ ಉತ್ತರ ಬಂತು. ಸಮಯ ಬರೆಯದ್ದು ಕೆಲಸದ ಒತ್ತಡದಲ್ಲಿ ಆದ ಲೋಪ, ಕೋರ್ಟಿನ ಮೇಲೆ ಅಪಾರ ಗೌರವವಿದೆ, ಬೇಷರತ್ ಕ್ಷಮೆ ಕೋರುತ್ತೇವೆ. ಜೊತೆಗೆ ಸೂಚನೆಗಳ ಪಾಲನೆಗೆ ಸಾಕ್ಷಿಯಾಗಿ ಒಂದು ಕಲರ್ ಫೋಟೊ. ಬೋರ್ಡಿನ ಹನ್ನೊಂದೂ ಸಾಲು ಸ್ಪಷ್ಟವಾಗಿ ಕಾಣುತ್ತಿತ್ತು. ಕೆಳಗೆ ನೆಲದ ಮೇಲೆ ಬೀರುವಿನ ನಾಲ್ಕು ಕಾಲಿನ ತುಕ್ಕಿನ ಗುರುತೂ ಅಷ್ಟೇ ಸ್ಪಷ್ಟವಾಗಿತ್ತು.