ಹಿರೇಗುಡ್ಡದಲ್ಲಿ ಕಲ್ಲು ಬಾರಿಸಿದ್ದು

ಶನಿವಾರ ಹಂಪಿಗೆ ಹೋಗಿದ್ವಿ. ವಿಠ್ಠಲ ದೇವಸ್ಥಾನದ ಸರಿಗಮ ಕಂಬಗಳನ್ನ ಒಂದ್ಸಲ ಆದ್ರೂ ಬಾರಿಸ್ಬೇಕು ಅಂತ ಸ್ಕೂಲ್ ಟೂರ್ ಕಾಲದಿಂದ ಆಸೆ ಇತ್ತು, ಆದ್ರೆ ಈಗ ಬಾರಿಸೋಕೆ ಬಿಡಲ್ಲ, ಬಿಡಬಾರದು ಕೂಡ, ಎಷ್ಟು ಜನ ಎಷ್ಟು ವರ್ಷ ಕುಟ್ಟಿ ಹೋಗಿದ್ದಾರೋ. ಒಳಗೆ ಏನಿದೆ ನೋಡೋಕೆ ಬ್ರಿಟಿಷರು ಎರಡು ಕಂಬ ಕತ್ತರಿಸಿದ್ರಂತೆ ಅನ್ನೋ ಕಥೆ ಗೈಡ್ ಹೇಳ್ದ, ಹೂಂ ಅಂದ್ವಿ, ಕಲ್ಲಿನ ರಥದ ಮುಂದೆ 50 ರೂಪಾಯಿ ನೋಟು ಹಿಡ್ಕೊಂಡು ಎಲ್ರೂ ತೆಗಿಯೋ ಅದೇ ಫೋಟೋ ತೆಗೆದ್ವಿ, ವಾಪಸ್.

ರಾತ್ರಿ ಬಳ್ಳಾರಿಲಿ ಫ್ರೆಂಡ್ ಮನೇಲಿ ಊಟಕ್ಕೆ ಕೂತು ಇದನ್ನೇ ಗೊಣಗ್ತಾ ಇದ್ದೆ. ಅವನು ರೊಟ್ಟಿ ಮುರೀತಾ, "ಲೇ, ಕಲ್ಲಿನ ಸದ್ದು ಕೇಳಾಕ ಹಂಪಿ ತನಕ ಯಾಕ್ ಹೋಗಿದ್ದಿ, ನಾಳೆ ಸಂಗನಕಲ್ಲಿಗೆ ಬಾ" ಅಂದ. ಸುಮ್ನೆ ರೀಲು ಬಿಡ್ತಾನೆ ಅನ್ಕೊಂಡೆ.

ಬೆಳಗ್ಗೆ ಎಂಟಕ್ಕೇ ಬಿಸಿಲು ಚುರುಗುಟ್ತಿತ್ತು. ಬಳ್ಳಾರಿ ಊರಾಚೆ ಸಂಗನಕಲ್ಲು, ಕುಪ್ಪಗಲ್ಲು ಕಡೆ ಇರೋ ಗುಡ್ಡ ಇದು, ಹೆಸರು ಹಿರೇಗುಡ್ಡ. ದಾರಿ ಅಂತ ಏನಿಲ್ಲ, ಮುಳ್ಳುಕಂಟಿ, ಬಂಡೆ, ಮತ್ತೆ ಬಂಡೆ. ಗುಡ್ಡ ಪೂರ್ತಿ ಗ್ರಾನೈಟ್, ಆದ್ರೆ ಅದನ್ನ ಸೀಳ್ಕೊಂಡು ಕಪ್ಪು ಕಲ್ಲಿನ ಒಂದು ಪಟ್ಟಿ ಹೋಗುತ್ತೆ, ಡಾಲರೈಟ್ ಅಂತಾರೆ, ದೂರದಿಂದ ಯಾರೋ ಗುಡ್ಡದ ಮೇಲೆ ಕಲ್ಲಿದ್ದಲು ಸುರಿದಂಗೆ ಕಾಣುತ್ತೆ. ಸದ್ದು ಮಾಡೋದು ಈ ಕಪ್ಪು ಬಂಡೆಗಳೇ.

ನಾವು ಹೋಗಿದ್ದೇ ತಡ ಕೈಗೊಂದು ಸಣ್ಣ ಕಲ್ಲು ತಗೊಂಡು ಕಂಡಕಂಡಿದ್ದಕ್ಕೆಲ್ಲ ಕುಟ್ಟೋಕೆ ಶುರು ಮಾಡಿದ್ವಿ. ಟಕ್. ಟಕ್. ಟಪ್. ಇಬ್ಬರು ದೊಡ್ಡ ಗಂಡಸರು ಬಿಸಿಲಲ್ಲಿ ಬಂಡೆ ಕುಟ್ಟೋದನ್ನ ನೋಡಿ ಕುರಿ ಮೇಯಿಸ್ತಿದ್ದ ಒಬ್ಬ ಅಜ್ಜ ಹತ್ರ ಬಂದು ನಿಂತ. ಸ್ವಲ್ಪ ಹೊತ್ತು ನೋಡಿ, "ಅವೆಲ್ಲ ಮೂಗ ಕಲ್ಲು ಬಿಡ್ರಿ. ಇಲ್ಲಿ ಬರ್ರಿ" ಅಂದ.

ಕರ್ಕೊಂಡು ಹೋಗಿ ತೋರಿಸಿದ ಬಂಡೆ ಮೇಲೆ ಬಟ್ಟಲಿನ ಥರ ಗುಳಿಗಳಿದ್ವು. ಆಳ ಇಲ್ಲ, ಬೆರಳು ಆಡಿಸಿದ್ರೆ ನುಣ್ಣಗೆ, ಅಜ್ಜಿ ಮನೆ ಒರಳು ಸವೆದಿರುತ್ತಲ್ಲ ಹಂಗೆ. "ಈ ಕುಣೀಲೇ ಹೊಡೀರಿ."

ಹೊಡೆದೆ. ಹಳ್ಳಿ ಸ್ಕೂಲಲ್ಲಿ ರೈಲು ಕಂಬಿ ತುಂಡು ನೇತು ಹಾಕಿ ಬೆಲ್ ಹೊಡೀತಿದ್ರಲ್ಲ, ಹೆಚ್ಚುಕಮ್ಮಿ ಅದೇ ಸದ್ದು! ಕೈ ತೆಗೆದ ಮೇಲೂ ಸ್ವಲ್ಪ ಹೊತ್ತು ಟಂಯ್ಯ್ ಅಂತಾನೇ ಇತ್ತು, ಫ್ರೆಂಡ್ ನಗ್ತಾ ಇದ್ದ, ನಾನು ಆ ಬಂಡೆ ಸುತ್ತ ಒಂದು ಸುತ್ತು ಹಾಕಿ ಎಲ್ಲಿ ಏನು ಮೋಸ ಅಂತ ಹುಡುಕಿದೆ. ಮೋಸ ಇಲ್ಲ. ಕಲ್ಲು ಒತ್ತೊತ್ತಾಗಿ ಗಟ್ಟಿ, ಮೇಲಾಗಿ ಬಂಡೆ ಇನ್ನೊಂದು ಬಂಡೆ ಮೇಲೆ ಎರಡು ಮೂರು ಕಡೆ ಮಾತ್ರ ತಾಗಿ ಕೂತಿದೆ, ಅದಕ್ಕೇ ನಡುಗೋಕೆ ಜಾಗ ಇದೆ. ಮಣ್ಣಲ್ಲಿ ಹೂತಿರೋದೆಲ್ಲ ಮೂಗ.

ಈ ಗುಳಿಗಳು ಹೊಸಶಿಲಾಯುಗದ ಜನ ಬಾರಿಸಿ ಬಾರಿಸಿ ಆಗಿರೋದು ಅಂತ ನಿಕೋಲ್ ಬೊವಿನ್ ಅನ್ನೋ ಪುರಾತತ್ವಜ್ಞೆ 2004ರಲ್ಲಿ ಬರೆದಿದ್ದಾರೆ. ಅಂದ್ರೆ ಹಂಪಿ ಕಂಬಗಳಿಗಿಂತ ಸಾವಿರಾರು ವರ್ಷ ಹಳೇ ಸಮಾಚಾರ. ಸುತ್ತ ಬಂಡೆಗಳ ಮೇಲೆ ಚಿತ್ರಗಳೂ ಇವೆ, ಉದ್ದ ಕೊಂಬಿನ ಡುಬ್ಬದ ಎತ್ತುಗಳೇ ಜಾಸ್ತಿ, ಇದರ ಬಗ್ಗೆ ಫಾಸೆಟ್ ಅನ್ನೋರು 1892ರಲ್ಲೇ ಬರೆದಿದ್ರು. ಕೆಲವು ಚಿತ್ರ ಇರೋ ಜಾಗ ನೋಡಿದ್ರೆ ಅಲ್ಲಿ ನಿಂತು ಹೆಂಗೆ ಕುಟ್ಟಿದ್ರಪ್ಪಾ ಅನ್ಸುತ್ತೆ, ಜೋತಾಡ್ಕೊಂಡೇ ಮಾಡಿರ್ಬೇಕು. ನನಗೆ ತಲೆಗೆ ಹೊಕ್ಕಿದ್ದು ಏನಂದ್ರೆ, ಆ ಚಿತ್ರಗಳನ್ನ ಉಳಿಯಲ್ಲಿ ಗೀಚಿಲ್ಲ, ಕಲ್ಲಲ್ಲಿ ಕಲ್ಲು ಕುಟ್ಟಿ ಕುಟ್ಟಿ ಮೂಡಿಸಿರೋದು. ಇದೇ ಕಪ್ಪು ಕಲ್ಲಲ್ಲಿ ಇದೇ ಗುಡ್ಡದಲ್ಲಿ ಕೊಡಲಿ ಕೂಡ ಮಾಡ್ತಿದ್ರು. ಹಂಗಾದ್ರೆ ಆಗ ಈ ಗುಡ್ಡ ಇಡೀ ದಿನ ಟಣ್ ಟಣ್ ಅಂತಿರ್ಬೇಕು, ಎತ್ತು ಬರೆಯೋನು ಯಾರು ಬಾರಿಸೋನು ಯಾರು ಅಂತ ಕೆಳಗಿದ್ದೋರಿಗೆ ಗೊತ್ತಾಗ್ತಿತ್ತೋ ಇಲ್ವೋ. ಸದ್ದನ್ನ ಕಲ್ಲಲ್ಲಿ ಕೆತ್ತೋದು ಅನ್ನೋದು ಕಟ್ಟುಕಥೆ ಅಂತಲೇ ಅನ್ಕೊಂಡಿದ್ದೆ, ಇಲ್ಲಿ ಎಲ್ಲಿ ಹೊಡೀಬೇಕು ಅನ್ನೋದನ್ನೇ ಕೆತ್ತಿಟ್ಟಿದ್ದಾರೆ, ಅದೂ ಬೇಕು ಅಂತ ಕೆತ್ತಿದ್ದಲ್ಲ ಬಹುಶಃ.

ಎರಡನೇ ಸಲ ಹೊಡೆದೆ. ಆಮೇಲೆ ಯಾಕೋ ಒಂಥರಾ ಆಯ್ತು, ನಿನ್ನೆ ತಾನೇ ಹಂಪಿಲಿ ಜನ ಕುಟ್ಟಿ ಹಾಳು ಮಾಡಿದ್ರು ಅಂತ ಬೈದ್ಕೊಂಡಿದ್ದು ನಾನೇ ಅಲ್ವಾ. ಅಜ್ಜನಿಗೆ ಹೇಳಿದ್ರೆ ಅವನು ಕೆಳಗೆ ಕೈ ತೋರಿಸಿ, "ನೀವು ಹೊಡೆದ್ರೆ ಏನ್ ಆಗ್ತೈತ್ರಿ, ಅಲ್ಲಿ ನೋಡ್ರಿ" ಅಂದ. ಗುಡ್ಡದ ಒಂದು ಪಕ್ಕ ಕ್ವಾರಿಯವರು ಬ್ರೆಡ್ ಕೊಯ್ದಂಗೆ ಕೊಯ್ದಿದ್ರು. ಅದಕ್ಕೆ ಏನ್ ಹೇಳ್ಲಿ.

ಆದ್ರೂ ಮೂರನೇ ಸಲ ಹೊಡೆದೆ, ಸುಳ್ಳು ಯಾಕೆ ಹೇಳ್ಲಿ, ಫೋನಲ್ಲಿ ರೆಕಾರ್ಡ್ ಮಾಡ್ಕೊಳೋಕೆ. ಇಳಿದು ಬಂದು ಮನೆ ಗ್ರೂಪಿಗೆ ಹಾಕ್ದೆ, ಮೂರ್ನಾಲ್ಕು ಸಾವಿರ ವರ್ಷ ಹಳೇ ಸದ್ದು ಕೇಳಿ ಅಂತ ದೊಡ್ಡದಾಗಿ ಬರೆದು. ಐದು ನಿಮಿಷಕ್ಕೆ ದೊಡ್ಡಮ್ಮನ ವಾಯ್ಸ್ ಮೆಸೇಜ್ ಬಂತು: "ಬರೀ ಗಾಳಿ ಸದ್ದು ಕೇಳಿಸ್ತಿದೆ ಕಣೋ, ನಡುವೆ ಯಾರೋ ಸ್ಪೂನ್ ಬೀಳಿಸ್ದಂಗಾಯ್ತು. ಊಟ ಆಯ್ತಾ?"